ಬಾಡಿಗೆ ಜಗಳಕ್ಕೆ ಯಾವ ಕೋರ್ಟಿನ ಬಾಗಿಲು?

ವಕ್ಫ್ ಎಂದ ಕೂಡಲೇ ನಮ್ಮ ಟಿವಿ ಸ್ಟುಡಿಯೊಗಳಿಗೆ ನೆನಪಾಗುವುದು ಎರಡೇ ಚಿತ್ರ. ಒಂದರಲ್ಲಿ ಅದು ರೈತರ ಹೊಲ ನುಂಗಲು ಬಂದ ಭೂತ. ಇನ್ನೊಂದರಲ್ಲಿ ಅದು ದೇವರ ಆಸ್ತಿ, ಅದರ ಲೆಕ್ಕ ಕೇಳುವವನೇ ಪಾಪಿ. ಈ ಎರಡೂ ಚಿತ್ರಗಳಲ್ಲಿ ಕಾಣಿಸದೇ ಹೋಗುವವರು ವಕ್ಫ್ ಆಸ್ತಿಯೊಳಗೆ ದಿನಾ ಬೆಳಿಗ್ಗೆ ಶಟರ್ ಎತ್ತಿ ಕೂರುವವರು. ಮಸೀದಿ ಗೋಡೆಗೆ ಅಂಟಿಕೊಂಡ ಮಳಿಗೆಯಲ್ಲಿ ವಾಚ್ ರಿಪೇರಿ ಮಾಡುವವರು, ದರ್ಗಾ ರಸ್ತೆಯ ಬೇಕರಿಯವರು, ಮದರಸಾ ಕಟ್ಟಡದ ಕೆಳಗೆ ಗೊಬ್ಬರದಂಗಡಿ ಇಟ್ಟವರು. ಇವರಲ್ಲಿ ಮುಸ್ಲಿಮರೂ ಇದ್ದಾರೆ, ಲಿಂಗಾಯತರೂ ಇದ್ದಾರೆ, ಮಾರವಾಡಿಗಳೂ ಇದ್ದಾರೆ. ತಿಂಗಳಾದರೆ ಬಾಡಿಗೆ ಕೊಡಬೇಕು, ಮುತವಲ್ಲಿ ತಗೊಳ್ಳಬೇಕು. ಜಗಳ ಬಂದರೆ ಯಾವುದಾದರೂ ಒಂದು ಕೋರ್ಟಿಗೆ ಹೋಗಬೇಕು. ಆ ಕೋರ್ಟು ಯಾವುದು?

ಈ ಸಣ್ಣ ಪ್ರಶ್ನೆಗೆ ಉತ್ತರ ಹುಡುಕುವುದರಲ್ಲೇ ದೇಶ ಹದಿನೈದು ಇಪ್ಪತ್ತು ವರ್ಷ ಕಳೆದಿದೆ. ಯಾರು ಎಷ್ಟು ಬಾಡಿಗೆ ಬಾಕಿ ಉಳಿಸಿಕೊಂಡರು, ನೋಟಿಸ್ ಸರಿಯಾಗಿ ಕೊಟ್ಟಿದ್ದರೇ ಇಲ್ಲವೇ ಎಂಬ ವಿಚಾರಣೆ ಆಮೇಲಿನದು. ಮೊದಲು ಬಾಗಿಲು ಯಾವುದೆಂದು ತೀರ್ಮಾನವಾಗಬೇಕಲ್ಲ!

ಕಾನೂನಿನ ಕಥೆ ಸ್ವಲ್ಪ ಹೇಳಲೇಬೇಕು. ಇದನ್ನು ತಿಳಿಯದೆ ಮಾತಾಡುವವರೇ ಜಾಸ್ತಿ ಆಗಿದ್ದಾರೆ.

1995ರ ವಕ್ಫ್ ಕಾಯ್ದೆ 1996ರ ಜನವರಿ 1ರಿಂದ ಜಾರಿಗೆ ಬಂತು. ಅದರ 83ನೇ ಸೆಕ್ಷನ್ ವಕ್ಫ್ ಟ್ರಿಬ್ಯುನಲ್ ಎಂಬ ನ್ಯಾಯಮಂಡಳಿ ಹುಟ್ಟುಹಾಕಿತು. 85ನೇ ಸೆಕ್ಷನ್, ಟ್ರಿಬ್ಯುನಲ್ ತೀರ್ಮಾನಿಸಬೇಕಾದ ವಿಷಯಗಳಲ್ಲಿ ಸಿವಿಲ್ ಕೋರ್ಟು ಕೈಹಾಕಕೂಡದು ಎಂದಿತು. ಟ್ರಿಬ್ಯುನಲ್ ತೀರ್ಮಾನಿಸಬೇಕಾದ ವಿಷಯಗಳು ಯಾವುವು? ಒಂದು ಆಸ್ತಿ ವಕ್ಫ್ ಹೌದೋ ಅಲ್ಲವೋ ಎಂಬುದು ಖಂಡಿತ ಅದಕ್ಕೆ ಸೇರಿದ್ದು. ಅದನ್ನು 6 ಮತ್ತು 7ನೇ ಸೆಕ್ಷನ್‌ಗಳೇ ಹೇಳುತ್ತವೆ. ಆದರೆ ಆಸ್ತಿ ವಕ್ಫ್ ಎಂದು ಇಬ್ಬರೂ ಒಪ್ಪಿಕೊಂಡಿದ್ದು, ತಕರಾರು ಬರೀ ಬಾಡಿಗೆಯದ್ದಾದರೆ? ಕಾಯ್ದೆ ಅಲ್ಲಿ ಬಾಯಿ ಬಿಟ್ಟಿರಲಿಲ್ಲ. ಆಂಧ್ರಪ್ರದೇಶ, ರಾಜಸ್ಥಾನ, ಮಧ್ಯಪ್ರದೇಶ, ಕೇರಳ, ಪಂಜಾಬ್-ಹರಿಯಾಣ ಹೈಕೋರ್ಟುಗಳು ವಕ್ಫ್ ಆಸ್ತಿಯ ಯಾವ ಜಗಳವಾದರೂ ಟ್ರಿಬ್ಯುನಲ್ಲಿಗೇ ಎಂದವು. ನಮ್ಮ ಕರ್ನಾಟಕ ಹೈಕೋರ್ಟು, ಜೊತೆಗೆ ಮದ್ರಾಸ್, ಅಲಹಾಬಾದ್, ಬಾಂಬೆ ಹೈಕೋರ್ಟುಗಳು ಹಾಗಲ್ಲ ಎಂದವು. ಒಂದೇ ಕಾಯ್ದೆ. ಗಡಿ ದಾಟಿದರೆ ಅರ್ಥ ಬೇರೆ. ರಾಯಚೂರಿನ ಬಾಡಿಗೆದಾರನಿಗೆ ಒಂದು ಕೋರ್ಟು, ನದಿಯಾಚೆಯ ಮೆಹಬೂಬ್‌ನಗರದವನಿಗೆ ಇನ್ನೊಂದು.

2010ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ರಮೇಶ್ ಗೋಬಿಂದರಾಮ್ ವಿರುದ್ಧ ಸುಗ್ರಾ ಹುಮಾಯೂನ್ ಮಿರ್ಜಾ ವಕ್ಫ್ ಪ್ರಕರಣದಲ್ಲಿ ಕರ್ನಾಟಕದ ದಾರಿಯನ್ನೇ ಸರಿ ಎಂದಿತು. ಕಾಯ್ದೆ ಬಾಡಿಗೆದಾರರ ತೆರವನ್ನು ಟ್ರಿಬ್ಯುನಲ್ಲಿಗೆ ಒಪ್ಪಿಸಿಲ್ಲ, ಆದ್ದರಿಂದ ಅಂಥ ದಾವೆ ಸಿವಿಲ್ ಕೋರ್ಟಿನಲ್ಲೇ ನಡೆಯಬೇಕು. ನಮಗೆ ಈಗಲೂ ಈ ತೀರ್ಪಿನ ತರ್ಕ ಇಷ್ಟ. ಜನಸಾಮಾನ್ಯರಿಂದ ಸಿವಿಲ್ ಕೋರ್ಟಿನ ಬಾಗಿಲು ಕಿತ್ತುಕೊಳ್ಳುವುದಾದರೆ ಕಾಯ್ದೆ ಅದನ್ನು ಬಾಯಿಬಿಟ್ಟು ಹೇಳಬೇಕು, ಊಹೆಯ ಮೇಲೆ ಮುಚ್ಚಕೂಡದು ಎಂಬ ಹಳೆಯ, ಗಟ್ಟಿಯಾದ ನಿಯಮವನ್ನು ಅದು ಎತ್ತಿಹಿಡಿಯಿತು.

ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಅದೇ ವರ್ಷ ಪಶ್ಚಿಮ ಬಂಗಾಳದ ಅನೀಸ್ ಫಾತ್ಮಾ ಬೇಗಂ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ, ವಕ್ಫ್ ವಿವಾದಗಳೆಲ್ಲ ಮೊದಲು ಟ್ರಿಬ್ಯುನಲ್ಲಿಗೆ ಹೋಗಲಿ ಎಂಬ ಧಾಟಿಯಲ್ಲಿ ಬರೆಯಿತು. ವಕೀಲರಿಗೆ ಹಬ್ಬ. ಯಾರಿಗೆ ಯಾವುದು ಬೇಕೋ ಆ ತೀರ್ಪಿನ ಜೆರಾಕ್ಸ್ ಹಿಡಿದು ನಿಂತರು. 2014ರಲ್ಲಿ ಕೇರಳದ ಮದರಸಾ ಸಮಿತಿಯೊಂದರ ಪ್ರಕರಣದಲ್ಲಿ, ಹಳೆಯ ಕಾಯ್ದೆಯ ಲೆಕ್ಕದಲ್ಲಿ, ಬಾಡಿಗೆದಾರರ ತೆರವು ಸಿವಿಲ್ ಕೋರ್ಟಿಗೇ ಎಂದು ಮತ್ತೆ ಹೇಳಬೇಕಾಯಿತು. 2021ರಲ್ಲಿ ರಶೀದ್ ವಲಿ ಬೇಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಈ ತೀರ್ಪುಗಳ ಸಿಕ್ಕನ್ನೆಲ್ಲ ಬಿಡಿಸುತ್ತಾ ಕೂತು, ವಕ್ಫ್ ಎಂದು ಒಪ್ಪಿದ ಆಸ್ತಿಯ ಬಗ್ಗೆಯೂ ತಡೆಯಾಜ್ಞೆ ಕೇಳುವ ದಾವೆ ಟ್ರಿಬ್ಯುನಲ್ಲಿಗೆ ಹೋಗಬಹುದು ಎಂದಿತು.

ಈ ಮಧ್ಯೆ ಸಂಸತ್ತು 2013ರಲ್ಲಿ ಕಾಯ್ದೆಗೆ ತಿದ್ದುಪಡಿ ತಂದಿತ್ತು. ಆ ವರ್ಷದ ನವೆಂಬರ್ 1ರಿಂದ 83ನೇ ಸೆಕ್ಷನ್ನಿನಲ್ಲಿ ಬಾಡಿಗೆದಾರನ ತೆರವು, ಗುತ್ತಿಗೆ ಕೊಟ್ಟವನ ಮತ್ತು ಪಡೆದವನ ಹಕ್ಕು-ಬಾಧ್ಯತೆಗಳ ತೀರ್ಮಾನ ಎಂಬ ಮಾತುಗಳು ಸೇರಿದವು. ಅಂದರೆ ರಮೇಶ್ ಗೋಬಿಂದರಾಮ್ ತೀರ್ಪು ತೋರಿಸಿದ ತೂತನ್ನು ಸಂಸತ್ತೇ ಮುಚ್ಚಿತು. ಈಗ ಬಾಡಿಗೆ ಜಗಳಕ್ಕೆ ಬಾಗಿಲು ಟ್ರಿಬ್ಯುನಲ್. ಅದಕ್ಕೆ ಮುಂಚೆ ಹೂಡಿದ ದಾವೆಗಳ ಗತಿ ಏನು ಎಂಬ ಬಗ್ಗೆ ಇನ್ನೊಂದು ಸುತ್ತಿನ ಜಗಳ ನಡೆಯಿತು, ಅದು ಬೇರೆ ಮಾತು.

ಇಷ್ಟಾದ ಮೇಲೆ ಈಗ ಹೊಸ ಕೂಗು ಎದ್ದಿದೆ. ಟ್ರಿಬ್ಯುನಲ್ಲುಗಳನ್ನೇ ಮುಚ್ಚಿ, ಎಲ್ಲವನ್ನೂ ಸಿವಿಲ್ ಕೋರ್ಟಿಗೆ ಕೊಡಿ ಎಂದು. ಕೇಳಲು ಚೆನ್ನಾಗಿದೆ. ನಮ್ಮ ಬಳಗದಲ್ಲೂ ಕೆಲವರು ಇದನ್ನೇ ವಾದಿಸಿದರು. ಆದರೆ ಇದನ್ನು ನಾವು ಒಪ್ಪುವುದಿಲ್ಲ, ಕಾರಣ ಸರಳ. ಬಾಗಿಲು ಬದಲಿಸಿದಾಗಲೆಲ್ಲ ಲಾಭ ಆಗುವುದು ತಡಮಾಡಲು ಶಕ್ತಿ ಇರುವವನಿಗೆ.

ಹೇಗೆ ಅಂತ ನೋಡಿ. ಬಸ್‌ಸ್ಟ್ಯಾಂಡಿನ ಎದುರು ವಕ್ಫ್ ಮಳಿಗೆಯೊಂದು ಇದೆ ಎಂದುಕೊಳ್ಳಿ. ಎಂದೋ ಗೊತ್ತುಮಾಡಿದ ಬಾಡಿಗೆಯಲ್ಲೇ ದೊಡ್ಡ ವ್ಯಾಪಾರಿಯೊಬ್ಬ ಕೂತಿದ್ದಾನೆ, ಒಳಗೆ ಉಪಬಾಡಿಗೆ ಕೊಟ್ಟು ಅದರ ಹತ್ತು ಪಟ್ಟು ತಗೊಳ್ಳುತ್ತಾನೆ. ಮುತವಲ್ಲಿ ನೋಟಿಸ್ ಕೊಟ್ಟು ಸಿವಿಲ್ ಕೋರ್ಟಿಗೆ ಹೋದರೆ, ಇದು ಟ್ರಿಬ್ಯುನಲ್ಲಿನ ವಿಷಯ ಎಂದು ಅರ್ಜಿ. ವಾದಪತ್ರ ವಾಪಸ್. ಟ್ರಿಬ್ಯುನಲ್ಲಿಗೆ ಹೋದರೆ, ಇದು ಸಿವಿಲ್ ಕೋರ್ಟಿನ ವಿಷಯ ಎಂದು ಅರ್ಜಿ. ಅದರ ಮೇಲೆ ಹೈಕೋರ್ಟಿಗೆ ರಿವಿಜನ್. ಬಾಡಿಗೆದಾರನಾದವನು ತನ್ನ ಮಾಲೀಕನ ಒಡೆತನವನ್ನೇ ಅಲ್ಲಗಳೆಯುವಂತಿಲ್ಲ ಎಂದು ಸಾಕ್ಷ್ಯ ಕಾನೂನು ಹೇಳುತ್ತದೆ. ಆದರೂ ಇದು ವಕ್ಫ್ ಆಸ್ತಿಯೇ ಅಲ್ಲ ಎಂದು ಒಂದು ಸಾಲು ಜವಾಬಿನಲ್ಲಿ ಸೇರಿಸಿದರೆ ಸಾಕು, ವ್ಯಾಪ್ತಿಯ ಪ್ರಶ್ನೆ ಇನ್ನೊಂದು ಸುತ್ತು ತಿರುಗುತ್ತದೆ. ಅಷ್ಟು ಹೊತ್ತೂ ಶಟರ್ ತೆರೆದೇ ಇರುತ್ತದೆ, ಗಲ್ಲಾಪೆಟ್ಟಿಗೆ ತುಂಬುತ್ತಲೇ ಇರುತ್ತದೆ.

ಇದು ನಮ್ಮ ಕಲ್ಪನೆಯ ಅತಿರೇಕ ಅಲ್ಲ. 2023ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದ ಮುಮ್ತಾಜ್ ಯಾರುದ್ ದೌಲಾ ವಕ್ಫ್ ಪ್ರಕರಣದಲ್ಲಿ ಟ್ರಿಬ್ಯುನಲ್ಲಿನಲ್ಲಿ ತೆರವಿನ ಡಿಕ್ರಿ ಆಗಿತ್ತು. ಅದನ್ನು ಅಮಲ್ಜಾರಿ ಮಾಡುವ ಹಂತದಲ್ಲಿ ಎದುರುಪಕ್ಷ, ಟ್ರಿಬ್ಯುನಲ್ಲಿಗೆ ಈ ಅಧಿಕಾರವೇ ಇರಲಿಲ್ಲ ಎಂದು ತಕರಾರು ತೆಗೆಯಿತು. ಹೈಕೋರ್ಟು ಒಪ್ಪಿತು. ಸುಪ್ರೀಂ ಕೋರ್ಟು ಒಪ್ಪಲಿಲ್ಲ, ಅದೇ ಪುಣ್ಯ. ಆಟ ಮುಗಿದ ಮೇಲೆ ಮೈದಾನ ಸರಿಯಿಲ್ಲ ಎನ್ನುವ ವಾದ ಅಷ್ಟು ದೂರ ಬರಲು ಸಾಧ್ಯವಾಯಿತಲ್ಲ, ಅದು ನಮ್ಮ ಸಿಟ್ಟು.

ಈ ತಡದ ಬೆಲೆ ಯಾರು ತೆರುತ್ತಾರೆ? ಸಾಚಾರ್ ಸಮಿತಿ 2006ರಲ್ಲಿ ಲೆಕ್ಕ ಹಾಕಿತ್ತು. ದೇಶದಲ್ಲಿ ನೋಂದಣಿಯಾದ ವಕ್ಫ್ ಆಸ್ತಿಗಳು 4.9 ಲಕ್ಷಕ್ಕೂ ಹೆಚ್ಚು, ಜಮೀನು ಸುಮಾರು 6 ಲಕ್ಷ ಎಕರೆ, ಮಾರುಕಟ್ಟೆ ಬೆಲೆ ಸುಮಾರು 1.2 ಲಕ್ಷ ಕೋಟಿ ರೂಪಾಯಿ. ಅದರಿಂದ ವರ್ಷಕ್ಕೆ ಬರುತ್ತಿದ್ದ ಆದಾಯ ಬರೀ 163 ಕೋಟಿ. ನೂರಕ್ಕೆ ಹತ್ತರಂತೆ ಬಂದರೂ 12 ಸಾವಿರ ಕೋಟಿ ಆಗುತ್ತಿತ್ತು ಎಂದು ಸಮಿತಿ ಬರೆಯಿತು. ವಕ್ಫ್ ಮಾಡಿದವರು ಯಾಕೆ ಮಾಡಿದರು? ಬಡ ಮಕ್ಕಳ ಓದಿಗೆ, ವಿಧವೆಯರಿಗೆ, ದಾರಿಹೋಕರ ಊಟಕ್ಕೆ, ಖಬರಸ್ತಾನದ ಗೋಡೆಗೆ. ಕಡಿಮೆ ಬಾಡಿಗೆಯಲ್ಲಿ ಕೂತ ದೊಡ್ಡ ಬಾಡಿಗೆದಾರ ಪ್ರತಿ ತಿಂಗಳೂ ಆ ಮಕ್ಕಳ ಫೀಸಿನಿಂದಲೇ ತನ್ನ ಲಾಭ ಎಣಿಸಿಕೊಳ್ಳುತ್ತಿದ್ದಾನೆ. ಅವನ ಧರ್ಮ ಯಾವುದು ಎಂಬುದು ಇಲ್ಲಿ ಮುಖ್ಯವೇ ಅಲ್ಲ. 2012ರಲ್ಲಿ ಅನ್ವರ್ ಮಾಣಿಪ್ಪಾಡಿ ಅವರು ರಾಜ್ಯ ಅಲ್ಪಸಂಖ್ಯಾತರ ಆಯೋಗದ ಅಧ್ಯಕ್ಷರಾಗಿ ಕೊಟ್ಟ ವರದಿ, ಕರ್ನಾಟಕದ ವಕ್ಫ್ ಆಸ್ತಿಯಲ್ಲಿ ಭಾರಿ ಪ್ರಮಾಣದ ಅಕ್ರಮ ನಡೆದಿದೆ ಎಂದಾಗ ಬೆರಳು ತೋರಿಸಿದ್ದು ರಾಜಕಾರಣಿಗಳ ಕಡೆಗೆ, ಮಂಡಳಿಯ ಒಳಗಿನವರ ಕಡೆಗೆ. ಸಮುದಾಯದ ಹೆಸರಿನಲ್ಲಿ ಸಮುದಾಯವನ್ನು ತಿಂದವರ ಪಟ್ಟಿ ಚಿಕ್ಕದಲ್ಲ.

ಹಾಗಂತ ಮುತವಲ್ಲಿಗಳ ಮಾತನ್ನು ಕಣ್ಣುಮುಚ್ಚಿ ನಂಬಿ ಎಂದು ನಾವು ಹೇಳುತ್ತಿಲ್ಲ. 2013ರ ತಿದ್ದುಪಡಿಯಲ್ಲಿ ಇನ್ನೊಂದು ಸಾಲು ಇದೆ, ಅದರ ಬಗ್ಗೆ ಯಾರೂ ಹೆಚ್ಚು ಮಾತಾಡುವುದಿಲ್ಲ. ಬಾಡಿಗೆ ಅಥವಾ ಗುತ್ತಿಗೆಯ ಅವಧಿ ಮುಗಿದವನು, ಇಲ್ಲವೇ ಮುತವಲ್ಲಿ ಅಥವಾ ಮಂಡಳಿ ಯಾರ ಬಾಡಿಗೆ ರದ್ದು ಮಾಡಿದೆಯೋ ಅವನು, ಕಾಯ್ದೆಯ ಕಣ್ಣಿನಲ್ಲಿ ‘ಒತ್ತುವರಿದಾರ’. ಬೇಲಿ ಹಾರಿ ಬಂದವನಿಗೂ, ಮೂವತ್ತು ವರ್ಷ ತಪ್ಪದೆ ಬಾಡಿಗೆ ಕೊಟ್ಟು ಕರಾರು ನವೀಕರಣವಾಗದೆ ಕೂತವನಿಗೂ ಒಂದೇ ಹೆಸರು. ಮಂಡಳಿಯ ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿ 54ನೇ ಸೆಕ್ಷನ್ನಿನಡಿ ಟ್ರಿಬ್ಯುನಲ್ಲಿಗೆ ಅರ್ಜಿ ಹಾಕಿ ಇವರಿಬ್ಬರನ್ನೂ ಒಂದೇ ದಾರಿಯಲ್ಲಿ ಹೊರಹಾಕಿಸಬಹುದು.

ಸಣ್ಣ ಊರಿನಲ್ಲಿ ಕರಾರು ನವೀಕರಣ ಹೇಗೆ ನಡೆಯುತ್ತದೆ ಎಂದು ಬಲ್ಲವರಿಗೆ ಇದರ ಅಪಾಯ ಗೊತ್ತು. ಎಷ್ಟೋ ಕಡೆ ಕರಾರೇ ಇರುವುದಿಲ್ಲ. ಕಮಿಟಿಯವರು ಪುಸ್ತಕದಲ್ಲಿ ಬರೆದುಕೊಂಡು ಹಣ ತಗೊಂಡು ಹೋಗುತ್ತಾರೆ, ರಸೀತಿ ಕೇಳಿದರೆ ನಾಳೆ ಎನ್ನುತ್ತಾರೆ. ಕಾಯ್ದೆಯ 56ನೇ ಸೆಕ್ಷನ್ ಪ್ರಕಾರ ಒಂದು ವರ್ಷದಿಂದ ಮೂವತ್ತು ವರ್ಷದವರೆಗಿನ ಗುತ್ತಿಗೆಗೆ ಮಂಡಳಿಯ ಮುಂಚಿನ ಒಪ್ಪಿಗೆ ಬೇಕು, ಇಲ್ಲದಿದ್ದರೆ ಅದು ಅಸಿಂಧು. ಆ ಒಪ್ಪಿಗೆ ತರಬೇಕಾದವರು ಕಮಿಟಿಯವರು. ತಂದಿಲ್ಲದಿದ್ದರೆ ಬೀದಿಗೆ ಬೀಳುವವನು ಅಂಗಡಿಯವನು. ಕಮಿಟಿ ಬದಲಾಗಿ ಹೊಸಬರು ಬಂದು, ಪಗಡಿ ಎಂದು ಕೈಯಿಂದ ಕೈಗೆ ಲಕ್ಷಗಳ ಲೆಕ್ಕದಲ್ಲಿ ಕೇಳಿ, ಕೊಡದವನಿಗೆ ‘ಒತ್ತುವರಿದಾರ’ ಎಂದು ನೋಟಿಸ್ ಕಳಿಸಿದರೆ ಅವನು ಎಲ್ಲಿಗೆ ಹೋಗಬೇಕು?

ಟ್ರಿಬ್ಯುನಲ್ಲಿಗೆ. ಅದು ಎಲ್ಲಿದೆ? ತಾಲ್ಲೂಕಿನಲ್ಲಂತೂ ಇಲ್ಲ.

ನಮ್ಮ ವಾದದ ತಿರುಳು ಇಲ್ಲಿದೆ. ಸಿವಿಲ್ ನ್ಯಾಯಾಧೀಶರ ಕೋರ್ಟು ತಾಲ್ಲೂಕು ಕೇಂದ್ರದಲ್ಲಿ ಇರುತ್ತದೆ. ವಾಯಿದೆ ಇದ್ದ ದಿನ ಹನ್ನೊಂದು ಗಂಟೆಗೆ ಹೋಗಿ, ಮಧ್ಯಾಹ್ನ ಮತ್ತೆ ಅಂಗಡಿ ತೆಗೆಯಬಹುದು. ಅಲ್ಲಿ ಸೋತರೆ ಮೇಲ್ಮನವಿ, ಅದರಲ್ಲೂ ಸೋತರೆ ಕಾನೂನಿನ ಪ್ರಶ್ನೆ ಇದ್ದರೆ ಹೈಕೋರ್ಟಿನಲ್ಲಿ ಎರಡನೇ ಮೇಲ್ಮನವಿ. ಟ್ರಿಬ್ಯುನಲ್ಲಿನಲ್ಲಿ ಸೋತವನಿಗೆ 2025ರವರೆಗೆ ಮೇಲ್ಮನವಿಯೇ ಇರಲಿಲ್ಲ. ಹೈಕೋರ್ಟು ದಾಖಲೆ ತರಿಸಿಕೊಂಡು ನೋಡಬಹುದಿತ್ತು, ಅಷ್ಟೇ. 2025ರ ತಿದ್ದುಪಡಿ ಕಾಯ್ದೆ 90 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ ಹೋಗಲು ಅವಕಾಶ ಕೊಟ್ಟಿದೆ. ಆ ಕಾಯ್ದೆಯ ಬೇರೆ ಅನೇಕ ಅಂಶಗಳ ಬಗ್ಗೆ ನಮಗೆ ತಕರಾರಿದೆ. 2025ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಅದರಲ್ಲಿ ಕೆಲವಕ್ಕೆ ತಡೆಯನ್ನೂ ಕೊಟ್ಟಿತು. ಆದರೆ ಈ ಒಂದು ಅಂಶವನ್ನು ಒಳ್ಳೆಯದು ಎನ್ನದಿದ್ದರೆ ನಾವು ಪತ್ರಕರ್ತರಲ್ಲ, ವಕ್ತಾರರಾಗುತ್ತೇವೆ. ಅದೇ ಕಾಯ್ದೆ 107ನೇ ಸೆಕ್ಷನ್ ಬದಲಿಸಿ, ವಕ್ಫ್ ಆಸ್ತಿಯ ಸ್ವಾಧೀನ ಕೇಳುವ ದಾವೆಗಳಿಗೂ ಕಾಲಮಿತಿ ಕಾಯ್ದೆ ಅನ್ವಯಿಸುವಂತೆ ಮಾಡಿದೆ. ಅಂದರೆ ಬಾಡಿಗೆ ಮುಗಿದ ದಿನದಿಂದ ಹನ್ನೆರಡು ವರ್ಷದೊಳಗೆ ದಾವೆ ಹೂಡಬೇಕು. ಬಾಕಿ ಬಾಡಿಗೆಗೆ ಮೂರೇ ವರ್ಷ. ತಪ್ಪು ಕೋರ್ಟಿನಲ್ಲಿ ಪ್ರಾಮಾಣಿಕವಾಗಿ ಕಳೆದ ಕಾಲವನ್ನು ಕಳೆದುಕೊಡಿ ಎಂದು ಕೇಳಬಹುದು, ಆದರೆ ಅದು ಪ್ರಾಮಾಣಿಕವೇ, ಶ್ರದ್ಧೆಯಿಂದ ನಡೆಸಿದ್ದೇ ಎಂದು ಮತ್ತೆ ಸಾಬೀತು ಮಾಡುತ್ತಾ ನಿಲ್ಲಬೇಕು. ಈಗಂತೂ ಬಾಗಿಲು ತಪ್ಪಿದರೆ ಹಿಂದಿಗಿಂತ ದುಬಾರಿ.

ಆದ್ದರಿಂದ ವ್ಯಾಪ್ತಿಯ ಗೆರೆಯನ್ನು ಇನ್ನೊಮ್ಮೆ ಅಳಿಸಿ ಬರೆಯುವುದು ಬೇಡ. ಮತ್ತೊಮ್ಮೆ ಬರೆದರೆ ಮತ್ತೊಂದು ರಮೇಶ್ ಗೋಬಿಂದರಾಮ್, ಮತ್ತೊಂದು ರಶೀದ್ ವಲಿ ಬೇಗ್, ಮತ್ತೆ ಹದಿನೈದು ವರ್ಷ. ಅದರ ಬದಲು ಟ್ರಿಬ್ಯುನಲ್ಲನ್ನೇ ಜನರ ಹತ್ತಿರ ತನ್ನಿ. ಇದಕ್ಕೆ ದೆಹಲಿಯ ಕಡೆ ಮುಖ ಮಾಡಬೇಕಿಲ್ಲ. ಎಷ್ಟು ಟ್ರಿಬ್ಯುನಲ್ ಬೇಕೋ ಅಷ್ಟನ್ನು ಅಧಿಸೂಚನೆ ಹೊರಡಿಸಿ ಸ್ಥಾಪಿಸುವ, ಪ್ರತಿಯೊಂದರ ಸ್ಥಳೀಯ ಗಡಿ ಗೊತ್ತುಮಾಡುವ ಅಧಿಕಾರವನ್ನು 83ನೇ ಸೆಕ್ಷನ್ನಿನ ಮೊದಲ ಉಪಸೆಕ್ಷನ್ನೇ ರಾಜ್ಯ ಸರ್ಕಾರಕ್ಕೆ ಕೊಟ್ಟಿದೆ. ವಕ್ಫ್ ಅದಾಲತ್ ಮಾಡಲು ಊರೂರು ಸುತ್ತುವ ಮಂತ್ರಿಗಳಿಗೆ, ಜಿಲ್ಲೆಗೊಂದು ಟ್ರಿಬ್ಯುನಲ್ ಅಧಿಸೂಚನೆ ಹೊರಡಿಸಲು ಯಾಕೆ ಪುರುಸೊತ್ತು ಸಿಗುವುದಿಲ್ಲ? ಅದಾಲತ್ತಿನಲ್ಲಿ ಕ್ಯಾಮೆರಾ ಇರುತ್ತದೆ. ಟ್ರಿಬ್ಯುನಲ್ಲಿನಲ್ಲಿ ಬರೀ ಕಡತ ಇರುತ್ತದೆ.

ದುಡ್ಡಿಲ್ಲ, ನ್ಯಾಯಾಧೀಶರಿಲ್ಲ ಎಂಬ ಉತ್ತರ ಬರುತ್ತದೆ, ಗೊತ್ತು. ಹಾಗಿದ್ದರೆ ತಿಂಗಳಿಗೆ ಎರಡು ದಿನವಾದರೂ ಟ್ರಿಬ್ಯುನಲ್ ಜಿಲ್ಲಾ ಕೇಂದ್ರಗಳಿಗೆ ಬಂದು ಕೂರಲಿ. ಗ್ರಾಹಕರ ಆಯೋಗ ಜಿಲ್ಲೆಯಲ್ಲಿ ಕೂರಬಹುದಾದರೆ, ಕಾರ್ಮಿಕ ನ್ಯಾಯಾಲಯ ಬೇರೆ ಊರಿಗೆ ಹೋಗಿ ಕಲಾಪ ನಡೆಸಬಹುದಾದರೆ, ಇದೇನು ಚಂದ್ರಲೋಕದ ಕೆಲಸವಲ್ಲ. ಕಟ್ಟಡ ಅಲ್ಲೇ ಇದೆ, ಜಿಲ್ಲಾ ನ್ಯಾಯಾಲಯದ ಆವರಣದಲ್ಲಿ.

ಇನ್ನು ನಮ್ಮ ಕಸುಬಿನವರಿಗೆ ಒಂದು ಮಾತು, ಸಿಟ್ಟು ಬಂದರೆ ಬರಲಿ. 2024ರ ಅಕ್ಟೋಬರಿನಲ್ಲಿ ವಿಜಯಪುರ ಜಿಲ್ಲೆಯ ಹೊನವಾಡದ ರೈತರ ವಿಷಯ ಸ್ಫೋಟವಾಯಿತು. ಪಹಣಿಯ 11ನೇ ಕಾಲಂನಲ್ಲಿ ವಕ್ಫ್ ಹೆಸರು ಬಂದ ಸಂಗತಿ ರಾಜ್ಯದ ತುಂಬ ಹಬ್ಬಿತು. ಕೊನೆಗೆ ನೋಟಿಸ್ ವಾಪಸ್ ಪಡೆಯಿರಿ ಎಂದು ಮುಖ್ಯಮಂತ್ರಿ ಸಿದ್ದರಾಮಯ್ಯ ಆದೇಶಿಸಿದರು. ರೈತರ ಆತಂಕ ನಿಜವಾದದ್ದು, ಅದನ್ನು ಬರೆದದ್ದು ಸರಿ. ಆದರೆ ಆ ನಂತರದ ತಿಂಗಳುಗಳಲ್ಲಿ ‘ವಕ್ಫ್ ನೋಟಿಸ್’ ಎಂಬ ಎರಡು ಪದಗಳ ಕೆಳಗೆ ಏನೆಲ್ಲ ತುಂಬಿದೆವು! ಹೊಲದ ಒಡೆತನದ ಪ್ರಶ್ನೆ, ಸ್ಮಶಾನದ ಗಡಿಯ ತಕರಾರು, ಮಳಿಗೆಯ ಬಾಡಿಗೆ ಬಾಕಿ ಎಲ್ಲವೂ ಒಂದೇ ಶೀರ್ಷಿಕೆಯಲ್ಲಿ. ಒಡೆತನದ ನೋಟಿಸಿಗೂ, ಹದಿನೈದು ದಿನದಲ್ಲಿ ಬಾಡಿಗೆ ಮಳಿಗೆ ಖಾಲಿ ಮಾಡಿ ಎಂಬ ಆಸ್ತಿ ವರ್ಗಾವಣೆ ಕಾಯ್ದೆಯ 106ನೇ ಸೆಕ್ಷನ್ನಿನ ನೋಟಿಸಿಗೂ ಆಕಾಶ-ಭೂಮಿಯ ಅಂತರ. ಎರಡನೆಯದನ್ನು ನಿಮ್ಮ ಮನೆ ಮಾಲೀಕರೂ ನಾಳೆ ನಿಮಗೆ ಕೊಡಬಹುದು.

ಈ ಗೊಂದಲದಿಂದ ನಿಜಕ್ಕೂ ಉಸಿರಾಡಿದವರು ಯಾರು? ವರ್ಷಗಟ್ಟಲೆ ಬಾಡಿಗೆ ಕೊಡದೆ ಕೂತ ಪಟ್ಟಣದ ದೊಡ್ಡ ಬಾಡಿಗೆದಾರರು. ರೈತರ ಕಣ್ಣೀರಿನ ಮರೆಯಲ್ಲಿ ಅವರೂ ಸಂತ್ರಸ್ತರಾದರು. ಮಂಡಳಿಯವರು ಅವರನ್ನು ಮುಟ್ಟಲು ಹೆದರಿದರು, ಮುಟ್ಟದಿರಲು ನೆಪವೂ ಸಿಕ್ಕಿತು. ಇತ್ತ ರಸೀತಿ ಇಲ್ಲದ ವಾಚ್ ರಿಪೇರಿಯವನ ಕಥೆ ಯಾವ ಪುಟದಲ್ಲೂ ಬರಲಿಲ್ಲ. ಅವನ ಮಳಿಗೆ ಮುಂದೆ ಯಾವ ಪಕ್ಷದ ಧರಣಿಯೂ ಕೂರಲಿಲ್ಲ.

ಹಾಗಾಗಿ ತಾಲ್ಲೂಕುಗಳಿಂದ ವರದಿ ಮಾಡುವ ಗೆಳೆಯರೇ, ವಕ್ಫ್ ನೋಟಿಸ್ ಎಂದು ಯಾರಾದರೂ ಕಾಗದ ತಂದರೆ ಮೊದಲು ಮೂರು ಸಂಗತಿ ನೋಡಿ. ಅದರಲ್ಲಿ ಬರೆದಿರುವ ಸೆಕ್ಷನ್ ಯಾವುದು, ಕೊಟ್ಟವರು ಮುತವಲ್ಲಿಯೋ ಮಂಡಳಿಯೋ ತಹಶೀಲ್ದಾರರೋ, ತಂದವನು ಕೊನೆಯ ಸಲ ಬಾಡಿಗೆ ಕಟ್ಟಿದ್ದು ಯಾವಾಗ ಮತ್ತು ಅದಕ್ಕೆ ರಸೀತಿ ಇದೆಯೇ. ರಸೀತಿ ಇಲ್ಲ ಎಂದರೆ ಕಮಿಟಿಯವರ ಮನೆಗೂ ಹೋಗಿ ಪುಸ್ತಕ ತೋರಿಸಿ ಎಂದು ಕೇಳಿ. ತೋರಿಸದಿದ್ದರೆ ಅದೇ ಸುದ್ದಿ. ಹಾಗೇ, ನಿಮ್ಮ ಜಿಲ್ಲೆಯ ಎಷ್ಟು ಬಾಡಿಗೆ ಪ್ರಕರಣಗಳು ಟ್ರಿಬ್ಯುನಲ್ಲಿನಲ್ಲಿ ಬಾಕಿ ಇವೆ, ಅದರಲ್ಲಿ ಎಷ್ಟು ವ್ಯಾಪ್ತಿಯ ತಕರಾರಿಗಾಗಿಯೇ ನಿಂತಿವೆ, ಕಳೆದ ಒಂದು ವರ್ಷದಲ್ಲಿ ಎಷ್ಟು ದಿನ ಕಲಾಪ ನಡೆದಿದೆ ಎಂದು ಮಾಹಿತಿ ಹಕ್ಕಿನಡಿ ಒಂದು ಅರ್ಜಿ ಹಾಕಿ. ಹತ್ತು ರೂಪಾಯಿಯ ಕೆಲಸ. ಉತ್ತರ ಬಂದರೆ ನಮಗೆ ಕಳಿಸಿ, ಇಲ್ಲೇ ಪ್ರಕಟಿಸುತ್ತೇವೆ. ಮೂವತ್ತು ದಿನವಾದರೂ ಉತ್ತರ ಬಾರದಿದ್ದರೆ ಅರ್ಜಿಯ ಪ್ರತಿಯನ್ನಾದರೂ ಕಳಿಸಿ.